ಅಂಗಳಕ್ಕೆ ಇಳಿದ ಎಂಟನೆಯ ಖಂಡ

ಖಾಲಿ ಅಂಗಳದಲ್ಲಿ ನಮ್ಮ ಮಾವ ಕಾಲೆತ್ತಿ ಕಾಲೆತ್ತಿ ನಡೆಯುತ್ತಿದ್ದುದನ್ನು ನಾನು ಎಷ್ಟು ದಿನ ತಡವಾಗಿ ಗಮನಿಸಿದೆನೋ ಗೊತ್ತಿಲ್ಲ. ತಪ್ಪು ನನ್ನೊಬ್ಬಳದ್ದೇ ಅಲ್ಲ. ಶೆಟ್ಟಿಕೆರೆ ಕಡೆಯ ನಮ್ಮೂರಿನಲ್ಲಿ ಅಂಗಳ ಅಂದರೆ ಏನಾದರೂ ಒಣಗುತ್ತಿರುವ ಜಾಗ. ಇವತ್ತು ರಾಗಿ, ನಾಳೆ ಹುರುಳಿ, ನಾಡಿದ್ದು ಕೊಬ್ಬರಿ. ನಾಯಿಯೊಂದನ್ನು ಬಿಟ್ಟರೆ ಈ ಮನೆಯಲ್ಲಿ ಎಲ್ಲರೂ ಅಂಗಳ ದಾಟುವಾಗ ಕಾಲೆತ್ತಿಯೇ ನಡೆಯುವುದು. ಹಾಗಾಗಿ ಮಾವ ಕಾಲೆತ್ತಿದ್ದು ಯಾರ ಕಣ್ಣಿಗೂ ಬೀಳಲಿಲ್ಲ. ಆವತ್ತು ಮಾತ್ರ ಬೆಳಿಗ್ಗೆ ನಾನೇ ಗುಡಿಸಿ ಸಗಣಿ ಹಾಕಿ ಸಾರಿಸಿದ್ದೆ. ಅಲ್ಲಿ ಒಂದು ಕಾಳೂ ಇರಲಿಲ್ಲ. ಕೊಟ್ಟಿಗೆ ಕಡೆಯಿಂದ ಬಂದ ಮಾವ ಪಂಚೆ ಎತ್ತಿ ಹಿಡಿದು, ಬಲಗಾಲನ್ನು ಎತ್ತಿ ಜಾಗ ನೋಡಿ ಇಟ್ಟು, ಎಡಗಾಲನ್ನು ಎತ್ತಿ ಇಟ್ಟು, ಅಂಗಳದ ಮಧ್ಯೆ ಯಾರಿಗೋ ದಾರಿ ಬಿಟ್ಟ ಹಾಗೆ ಪಕ್ಕಕ್ಕೆ ಸರಿದು ನಿಂತರು.

"ಏನ್ ಮಾವ, ಏನೈತೆ ಅಲ್ಲಿ?" ಅಂದೆ.

"ಏನೂ ಇಲ್ಲ. ನಿಂಗ್ಯಾಕೆ?" ಅಂದವರೇ ಸರಸರ ಜಗಲಿ ಹತ್ತಿದರು.

ಈ 'ನಿಂಗ್ಯಾಕೆ' ಅನ್ನುವ ಮಾತು ನನಗೆ ಮೊದಲಿನಿಂದಲೂ ಆಗುವುದಿಲ್ಲ. ನಾನು ತುರುವೇಕೆರೆ ಕಡೆಯವಳು. ತಿಪಟೂರಿನ ಕಾಲೇಜಿನಲ್ಲಿ ಭೂಗೋಳ ತಗೊಂಡು ಬಿ.ಎ. ಓದಿದೆ. ನಕ್ಷೆ ಬರೆಯುವುದೆಂದರೆ ನನಗೆ ಊಟ ಬೇಡ, ನಿದ್ದೆ ಬೇಡ. ಕಡೆಯ ವರ್ಷದ ಪರೀಕ್ಷೆ ಬರೆದ ಹದಿನೈದನೇ ದಿನಕ್ಕೆ ಈ ಮನೆಗೆ ಸೊಸೆಯಾಗಿ ಬಂದೆ. ಅಲ್ಲಿಂದಾಚೆಗೆ ನನ್ನ ಭೂಗೋಳವೆಲ್ಲ ಅಡುಗೆಮನೆ, ಕೊಟ್ಟಿಗೆ, ತೋಟ. ಆದರೆ ಕೇಳುವ ಚಾಳಿ ಹೋಗಲಿಲ್ಲ. "ಇವಳು ಸತ್ತೋರ ಹತ್ರಾನೂ ಯಾಕ್ ಸತ್ರಿ ಅಂತ ಕೇಳ್ಕಂಡು ಬರೋಳು" ಅಂತ ನಮ್ಮತ್ತೆ ನೆಂಟರ ಮುಂದೆಲ್ಲ ಹೇಳುತ್ತಾರೆ. ಹೇಳಿಕೊಳ್ಳಲಿ ಬಿಡಿ, ಸುಳ್ಳೇನಲ್ಲ.

ಮಾವನ ವಿಷಯಕ್ಕೆ ಬರುತ್ತೇನೆ. ಎಂಬತ್ತು ದಾಟಿದ ಮೇಲೂ ಅವರ ಕಿವಿಗೆ ಸುತ್ತಿನ ಊರುಗಳಲ್ಲಿ ಹೆಸರಿತ್ತು. ನಮ್ಮ ಕಡೆ ಅಟ್ಟಕ್ಕೆ ಹಾಕಿದ ತೆಂಗಿನಕಾಯಿ ವರ್ಷದ ಹತ್ತಿರ ಅಲ್ಲೇ ಕೂರಬೇಕು. ಒಳಗಿನ ನೀರು ತಾನಾಗಿ ಇಂಗಿ, ಕೊಬ್ಬರಿ ಚಿಪ್ಪನ್ನು ಬಿಟ್ಟು ಉಂಡೆಯಾಗುತ್ತದೆ. ಅದಕ್ಕೆ ಗಿಟುಕು ಅನ್ನುತ್ತೇವೆ. ಅವಸರಪಟ್ಟು ಒಡೆದರೆ ಚಿಪ್ಪಿಗೆ ಅಂಟಿಕೊಂಡು ಚೂರು ಚೂರಾಗುತ್ತದೆ. ಆಗಿದೆಯೋ ಇಲ್ಲವೋ ನೋಡಲು ಕಾಯನ್ನು ಕಿವಿಯ ಪಕ್ಕ ಹಿಡಿದು ಅಲ್ಲಾಡಿಸಬೇಕು. ನೀರಿದ್ದರೆ ಒಂದು ಸದ್ದು, ಗಿಟುಕು ಬಿಟ್ಟಿದ್ದರೆ ಗಡಗಡ ಅಂತ ಇನ್ನೊಂದು ಸದ್ದು, ನಡುವಿನ ದಿನಗಳಲ್ಲಿ ಸದ್ದೇ ಇಲ್ಲ. ತಮ್ಮ ಕಾಯಿ ಆಗಿದೆಯೋ ಇಲ್ಲವೋ ಎಂಬ ಅನುಮಾನವಿದ್ದವರು ನಾಲ್ಕು ಕಾಯಿ ಚೀಲದಲ್ಲಿ ಹಾಕಿಕೊಂಡು ಬಂದು ನಮ್ಮ ಮಾವನ ಕೈಗೆ ಕೊಡುತ್ತಿದ್ದರು. "ಇನ್ನೊಂದು ತಿಂಗಳು ಬುಡಪ್ಪ" ಅಂತ ಮಾವ ಅಂದರೆ ಅದಕ್ಕೆ ಮೇಲ್ಮಾತಿಲ್ಲ.

ಅಂಗಳದಲ್ಲಿ ಕಾಲೆತ್ತಿದ್ದು ಕಂಡ ವಾರಕ್ಕೆ, ಒಂದು ಮಧ್ಯಾಹ್ನ, ಚಟ್ನಿಗೆ ಕಾಯಿ ತರಲು ಅಟ್ಟದ ಕೋಣೆಗೆ ಹೋದೆ. ಏಣಿಯ ಕೆಳಗೆ ಮಾವ ಒಬ್ಬರೇ ಕೂತಿದ್ದರು. ಎರಡೂ ಕೈಯಲ್ಲಿ ತಮ್ಮ ತಲೆಯನ್ನೇ ಹಿಡಿದುಕೊಂಡು, ಕಣ್ಣು ಮುಚ್ಚಿ, ಮೆಲ್ಲಗೆ ಅಲ್ಲಾಡಿಸಿ, ನಿಲ್ಲಿಸಿ, ಮತ್ತೆ ಅಲ್ಲಾಡಿಸುತ್ತಿದ್ದರು.

"ತಲೆನೋವಾ ಮಾವ?"

ಬೆಚ್ಚಿಬಿದ್ದರು. ಆಮೇಲೆ ಸಿಕ್ಕಿಬಿದ್ದ ಹುಡುಗನಂತೆ, "ಒಳಗೆ ಏನಾರ ಬಿಟ್ಕಂಡೈತೇನೋ ಅಂತ ನೋಡ್ತಿದ್ದೆ ಕಣವ್ವ" ಅಂದರು.

ನನಗೆ ಕಿಸಕ್ಕನೆ ನಗು ಬಂತು. ಮಾವ ನಗಲಿಲ್ಲ. ಥೂ ನನ್ನ ಬಾಯಿಗೆ ಅನ್ನಿಸಿ, ಏಣಿಯ ಪಕ್ಕದಲ್ಲೇ ನೆಲಕ್ಕೆ ಕೂತೆ. ಆಮೇಲೆ ಮಾವ ಬಾಯಿ ಬಿಟ್ಟರು. ಅವರಿಗೆ ಒಂದು ನೆಲ ಕಾಣುತ್ತಿತ್ತು. ಜಗಜಗ ಬೆಳಗುವ ನೆಲ, ಅದರ ಮೇಲೆ ಜನ. ಇದೇ ಅಂಗಳದಲ್ಲಿ, ಇದೇ ಗೋಡೆಯ ಮೇಲೆ. ಇಲ್ಲ ಅಂತ ಗೊತ್ತಿದ್ದರೂ ತುಳಿಯಲು ಮನಸ್ಸು ಬರುತ್ತಿರಲಿಲ್ಲವಂತೆ.

"ಯಾರಿಗೂ ಹೇಳ್ಬ್ಯಾಡ ಕಣವ್ವ. ನಮ್ಮವ್ವ ಕಡೇಗಾಲದಲ್ಲಿ ಹುಚ್ಚು ಹಿಡಿದು ಹೋದೋಳು. ಅದೇ ರಕ್ತ ನಂದು. ಗೊತ್ತಾದ್ರೆ ನನ್ನೂ ಹಿಂದ್ಲ ಕೋಣೆಗೆ ಹಾಕ್ತಾರೆ" ಅಂದರು.

ನಾನು ಯಾರಿಗೂ ಹೇಳುವುದಿಲ್ಲ ಅಂತ ಅವರ ಕೈ ಮುಟ್ಟಿ ಭಾಷೆ ಕೊಟ್ಟೆ. ಕೊಟ್ಟವಳೇ, ನಾಚಿಕೆಯಿಲ್ಲದೆ, ಮುಂದಿನ ಪ್ರಶ್ನೆ ಕೇಳಿದೆ: "ಆ ನೆಲ ಎಷ್ಟು ದೊಡ್ಡದೈತೆ ಮಾವ?"

ಅವರು ತಲೆಯೆತ್ತಿ ನನ್ನ ಕಡೆ ತಿರುಗಿದರು. ಹೀಗೆ ಯಾರಾದರೂ ಕೇಳಬಹುದು ಅಂತ ಅವರು ಎಣಿಸಿಯೇ ಇರಲಿಲ್ಲ ಅಂತ ಕಾಣುತ್ತದೆ. "ತಡಿ, ನಾಳೆ ನೋಡಿ ಹೇಳ್ತೀನಿ" ಅಂದರು.

ಅಲ್ಲಿಂದ ಶುರುವಾಯಿತು. ಸಂಜೆ ಕಾಫಿ ಕುಡಿದ ಮೇಲೆ ಮಾವ ಜಗಲಿಯ ಕಂಬಕ್ಕೆ ಒರಗಿ ಕೂರುವರು. ನಾನು ಅವರೆಕಾಯಿಯನ್ನೋ ಸೊಪ್ಪನ್ನೋ ಮೊರಕ್ಕೆ ಹಾಕಿಕೊಂಡು ಎದುರಿಗೆ ಕೂರುವೆ. ಮೊರದ ಕೆಳಗೆ ಒಂದು ಇನ್ನೂರು ಪುಟದ ನೋಟ್‌ಬುಕ್. ಲೋಕದಲ್ಲಿ ಏಳು ಖಂಡ ಅಂತ ಓದಿದ್ದವಳಿಗೆ ಎಂಟನೆಯದು ಮನೆ ಬಾಗಿಲಿಗೇ ಬಂದಿದ್ದರೆ ಬಿಡುತ್ತೇನೆಯೇ?

"ಸೂರ್ಯ ಯಾವ ಕಡೆಗವ್ನೆ ಮಾವ?"

"ಸೂರ್ಯ ಇಲ್ಲ. ದೀಪಾನೂ ಇಲ್ಲ. ನೆಲಾನೇ ಬೆಳಗ್ತದೆ. ಹಾಲು ಉಕ್ಕಕ್ಕೆ ಮುಂಚೆ ಒಳಗಿಂದ ಮೇಲಕ್ಕೆ ಬತ್ತದಲ್ಲ, ಹಂಗೆ ಬೆಳಕು ಕೆಳಗಿಂದ ಬತ್ತದೆ."

"ಜನಕ್ಕೆ ನೆರಳು?"

ಮಾವ ನೋಡಿದರು. "ಇಲ್ಲ ಕಣವ್ವ. ಇದನ್ನ ನಾನು ನೋಡೇ ಇರ್ಲಿಲ್ಲ. ಒಬ್ರಿಗೂ ನೆರಳಿಲ್ಲ."

ಹೀಗೆ ದಿನಕ್ಕಿಷ್ಟು ತಿಳಿಯುತ್ತಾ ಹೋಯಿತು. ಆ ಜನ ಒಂದು ಗೇಣುದ್ದ, ಕೆಲವೊಮ್ಮೆ ಮೊಳದುದ್ದ. ಗಂಡಸರು ಹೆಂಗಸರು ಎಲ್ಲರಿಗೂ ಎತ್ತರದ ಟೋಪಿ. ನೀಲಿ ಕೋಟು, ಹಸಿರು ಕೋಟು, ಅಂಚಿಗೆಲ್ಲ ಜರಿ. ಹೆಂಗಸರ ಲಂಗ ನೆರಿಗೆ ಮೇಲೆ ನೆರಿಗೆ. ಅವರ ಹಿಂದೆ ಸಣ್ಣ ಸಣ್ಣ ಚೌಕದ ಇಟ್ಟಿಗೆಯ ಗೋಡೆ, ಜಾಲರಿ ಕಿಟಕಿ, ಮೆಟ್ಟಿಲು, ಮತ್ತೆ ಮೆಟ್ಟಿಲು. "ನನ್ನ ಕೈಬೆರಳು ನಂಗೆ ನೆಟ್ಟಗೆ ಕಾಣಕಿಲ್ಲ. ಅವರ ಕೋಟಿನ ಗುಂಡಿ ಎಣಿಸ್ಬೌದು" ಅಂದರು ಒಂದು ದಿನ. ನಾನು ಅದನ್ನೂ ಬರೆದುಕೊಂಡೆ. ಆ ಮಾತಿನೊಳಗೆ ಏನಿದೆ ಅಂತ ಯೋಚಿಸಲಿಲ್ಲ. ಗುಂಡಿ ಎಷ್ಟು ಅಂತ ಕೇಳಿದೆ. ಎಂಟು.

"ಬೆಳೆ ಏನಿಟ್ಟವ್ರೆ?"

"ಒಂದು ಹುಲ್ಲುಕಡ್ಡಿ ಇಲ್ಲ."

"ತೆಂಗಿನಮರ?"

"ಒಂದೂ ಇಲ್ಲ. ದನಾನೂ ಇಲ್ಲ, ಒಲೆ ಹೊಗೆ ಇಲ್ಲ. ಏನ್ ತಿಂದು ಬದುಕ್ತಾರೋ ಅದೇ ನಂಗೂ ಯೋಚ್ನೆ."

ತೆಂಗಿಲ್ಲದ ದೇಶದ ಬಗ್ಗೆ ಮಾವನಿಗೆ ನಿಜಕ್ಕೂ ಕನಿಕರವಿತ್ತು. ಇದು ಕೈಲಾಸವೇ ಇರಬಹುದೇ ಅಂತಲೂ ಒಮ್ಮೆ ಯೋಚಿಸಿದ್ದರಂತೆ. ದಿನಾ ಎರಡು ಹೊತ್ತು ಲಿಂಗಪೂಜೆ ತಪ್ಪಿಸದವರು. ಆ ಭಾಗ್ಯ ಬಂದಿದ್ದರೆ ಆಶ್ಚರ್ಯವಿಲ್ಲ. "ಆದ್ರೆ ಕೈಲಾಸ ಆಗಿದ್ರೆ ಒಂದು ಬಸವಣ್ಣನಾರ ಇರ್ಬೇಕಿತ್ತಲ್ಲವ್ವಾ. ಟೋಪಿ ಹಾಕ್ಕಂಡ್ ಶಿವಗಣ ಎಲ್ಲಾರ ಉಂಟಾ?" ಅಂತ ತಾವೇ ತಳ್ಳಿಹಾಕಿದರು.

ನನ್ನನ್ನು ಕಾಡಿದ್ದು ಇನ್ನೊಂದು. ಆ ಜನವೆಲ್ಲ ಒಂದೇ ದಿಕ್ಕಿಗೆ ನಡೆಯುತ್ತಿದ್ದರು, ಎಡದಿಂದ ಬಲಕ್ಕೆ. ಸಂತೆಗೆ ಹೋಗುತ್ತಿದ್ದಾರೆ ಅಂತ ಇಟ್ಟುಕೊಂಡರೂ ವಾಪಸ್ಸು ಬರಬೇಕಲ್ಲ? "ಬಂದಿದ್ದು ನಾನು ನೋಡಿಲ್ಲ" ಅಂತ ಮಾವ ಖಡಾಖಂಡಿತ ಹೇಳಿದರು. ಹಾಗಾದರೆ ನಾಳೆಗೆ ಹೊಸ ಜನ ಎಲ್ಲಿಂದ ಬರುತ್ತಾರೆ? ಎರಡು ದಿನ ತಲೆ ಕೆಡಿಸಿಕೊಂಡು, ಒಂದು ನಿಂಬೆಹಣ್ಣು ತಂದು, ಆ ಖಂಡ ಉಂಡೆಯಾಗಿರಬೇಕು, ಹೋದವರೇ ಸುತ್ತು ಹಾಕಿ ಮತ್ತೆ ಬರುತ್ತಿದ್ದಾರೆ ಅಂತ ಬೆರಳಲ್ಲಿ ತೋರಿಸಿದೆ. ಮಾವ ನಿಂಬೆಹಣ್ಣು ಮುಟ್ಟಿ ನೋಡಿ, ಹೊಟ್ಟೆ ಹಿಡಿದು ನಕ್ಕರು. "ನಿನ್ನ ಕಾಲೇಜ್ ಓದು ಇವತ್ತು ಸಾರ್ಥಕ ಆಯ್ತು ನೋಡು!" ಅವರು ಹಾಗೆ ನಕ್ಕು ತಿಂಗಳುಗಳೇ ಆಗಿದ್ದವು. ಒಳಗೆ ಸಾರು ತಳ ಹತ್ತಿ ಸೀದ ವಾಸನೆ ಬಂದರೂ ನಾನು ಏಳಲಿಲ್ಲ.

"ಅವರು ನಿಮ್ಮನ್ನ ನೋಡ್ತಾರಾ ಮಾವ?"

"ಒಂದ್ಸಲಾನೂ ಇಲ್ಲ." ಇದನ್ನು ಹೇಳುವಾಗ ಅವರ ದನಿಯಲ್ಲಿ ಸ್ವಲ್ಪ ಬೇಸರವಿತ್ತು. ತಿಪಟೂರು ಬಸ್ಸಿನಲ್ಲಿ ಕೂತರೆ ಹತ್ತು ಜನ ಮಾತಾಡಿಸುವ ಮನುಷ್ಯ. ಇಷ್ಟು ದಿನದಿಂದ ಮನೆ ಮುಂದೆ ಓಡಾಡುವವರಲ್ಲಿ ಒಬ್ಬರೂ ತಿರುಗಿ ನೋಡಲಿಲ್ಲವೆಂದರೆ!

"ಮಾತು ಕೇಳ್ತದಾ?"

ಆಗ ಮಾವನ ಮುಖ ಸಣ್ಣಗಾಯಿತು. "ಅದೇ ಕಣವ್ವ ನನ್ನ ಹೆದರಿಕೆ. ಹೆಜ್ಜೆ ಸಪ್ಪಳ ಇಲ್ಲ, ಬಟ್ಟೆ ಸರಬರ ಇಲ್ಲ, ಏನೂ ಇಲ್ಲ. ಸದ್ದಿಲ್ಲ ಅಂದ್ರೆ ಇನ್ನೂ ಆಗಿಲ್ಲ ಅಂತ. ಸದ್ದು ಬಂತೋ, ಅಲ್ಲಿಗೆ ನನ್ನ ತಲೆ ಪೂರ್ತಿ ಬಿಟ್ಟಂಗೆ. ದಿನಾ ಎದ್ದು ಅದನ್ನೇ ಕೇಳಿಸ್ಕಂತೀನಿ, ಇವತ್ತು ಗಡಗಡ ಅಂತದಾ ಅಂತ."

ಅರವತ್ತು ವರ್ಷ ತೆಂಗಿನಕಾಯಿಗೆ ಹಾಕಿದ ಲೆಕ್ಕವನ್ನೇ ಅವರು ತಮ್ಮ ಬುದ್ಧಿಗೂ ಹಾಕಿಕೊಂಡಿದ್ದರು. ನಾನು ಗುಂಡಿ ಎಣಿಸಿಕೊಂಡು ಖುಷಿಪಡುತ್ತಿದ್ದೆ. ಅವರು ದಿನಾ ಬೆಳಿಗ್ಗೆ ಹುಚ್ಚು ಬಂತೇ ಅಂತ ಕಿವಿಗೊಟ್ಟು ಕೂರುತ್ತಿದ್ದರು. ನನಗೆ ನನ್ನ ಮೇಲೆಯೇ ಸಿಟ್ಟು ಬಂತು. ಆದರೂ ಕೇಳುವುದನ್ನು ನಿಲ್ಲಿಸಲಿಲ್ಲ, ಯಾಕೆಂದರೆ ಕೇಳಿದಾಗಲೇ ಅವರು ಹಗುರಾಗುತ್ತಿದ್ದರು.

ನಕ್ಷೆ ಬರೆಯಲು ಕೂತಾಗ ತೊಡಕು ಗೊತ್ತಾಯಿತು. ನೋಟ್‌ಬುಕ್ಕಿನಲ್ಲಿ ಸೋಮವಾರ ಆ ನೆಲ ಕೊಟ್ಟಿಗೆಯ ಪಕ್ಕ. ಬುಧವಾರ ಬಚ್ಚಲ ಗೋಡೆಯ ಮೇಲೆ. ಶುಕ್ರವಾರ ಊಟದ ತಟ್ಟೆಯಲ್ಲಿ, ಮುದ್ದೆಯ ಮೇಲೆ ಹತ್ತಿ ಇಳಿಯುತ್ತಿದ್ದಾರೆ. ನನಗೆ ರೇಗಿತು.

"ಏನ್ ಮಾವ ನೀವು! ಖಂಡ ಅಂದ್ಮೇಲೆ ಒಂದ್ ಕಡೆ ನಿಲ್ಲಬ್ಯಾಡ್ವಾ? ಸರಿಯಾಗಿ ಹೇಳಿ, ಎಲ್ಲೈತೆ ಅದು?"

"ನಾನ್ ಎತ್ತ ನೋಡ್ತೀನೋ ಅತ್ತ ಐತೆ."

"ನನ್ನ ಮುಖ ನೋಡಿ. ಈಗ?"

"ನಿನ್ನ ಮುಖದ ಜಾಗದಾಗೇ ಅವ್ರೆ ಕಣವ್ವಾ ಅವರು. ಸುತ್ತ ಸೆರಗು ಕಾಣ್ತದೆ, ಕಿವಿ ಓಲೆ ಕಾಣ್ತದೆ. ನಡುವೆ ಅವರೇ." ಆಮೇಲೆ ಅಂದರು, "ನಿನ್ನ ಮುಖ ನೋಡಿ ಎರಡು ವರ್ಷ ಆಗಿರ್ಬೇಕು."

ಪೆನ್ಸಿಲ್ ಕೆಳಗಿಟ್ಟೆ. ಎರಡು ವರ್ಷದಿಂದ ದಿನಕ್ಕೆ ಮೂರು ಹೊತ್ತು ಬಡಿಸಿದ್ದೇನೆ. ಬಳೆ ಸದ್ದಿನಲ್ಲಿ, ಹೆಜ್ಜೆ ಸದ್ದಿನಲ್ಲಿ ನಮ್ಮನ್ನೆಲ್ಲ ಗುರುತು ಹಿಡಿದುಕೊಂಡು ಅವರು ಬಾಳುವೆ ಮಾಡಿದ್ದು ನಮಗೆ ಒಬ್ಬರಿಗೂ ತಿಳಿಯಲಿಲ್ಲ. ವಯಸ್ಸಾಯಿತು, ಮಂಜು ಅನ್ನುತ್ತಾರೆ, ಅಷ್ಟೇ ಅಂದುಕೊಂಡಿದ್ದೆವು. ನೋಟ್‌ಬುಕ್ ತಿರುವಿದೆ. ಒಂದೊಂದು ಪುಟವೂ ಅದನ್ನೇ ಹೇಳುತ್ತಿತ್ತು. ಆ ಖಂಡ ಅಂಗಳದಲ್ಲೂ ಇರಲಿಲ್ಲ, ಗೋಡೆಯಲ್ಲೂ ಇರಲಿಲ್ಲ. ಕಣ್ಣಿನಲ್ಲಿ ಎಲ್ಲಿ ನೋಟ ಹೋಗಿತ್ತೋ ಸರಿಯಾಗಿ ಆ ಜಾಗದಲ್ಲಿತ್ತು.

ದುರದೃಷ್ಟಕ್ಕೆ ಇದನ್ನೆಲ್ಲ ಬಾಗಿಲ ಹಿಂದೆ ನಿಂತು ಅತ್ತೆ ಕೇಳಿಸಿಕೊಂಡಿದ್ದರು. ಮಾವ ಸೊಸೆಯ ಗುಸುಗುಸು ಏನು ಅಂತ ಎಷ್ಟೋ ದಿನದಿಂದ ಅವರಿಗೆ ಅನುಮಾನವಿತ್ತು. ನಾನು ಅಡುಗೆಮನೆಗೆ ಹೋದರೆ ಒಲೆಯ ಮುಂದೆ ಕೂತು ಅಳುತ್ತಿದ್ದಾರೆ.

"ನಮ್ಮತ್ತೆಗೂ ಹಿಂಗೇ ಆಗಿದ್ದು ಕಣೇ. ಅಂಗಳದ ತುಂಬ ಜರತಾರಿ ಜನ ಬಂದವ್ರೆ, ಕುಂತ್ಕಳಕ್ಕೆ ಚಾಪೆ ಹಾಕ್ರಿ ಅನ್ನೋರು. ನಾನಾಗ ಹೊಸ ಸೊಸೆ. ನಿಂಬೆಹಣ್ಣು ಮಂತ್ರಿಸಿದ್ದಾಯ್ತು, ಬೇವಿನ ಸೊಪ್ಪಲ್ಲಿ ಬಡಿಸಿದ್ದಾಯ್ತು. ಕಡೆಗೆ ಹಿಂದ್ಲ ಕೋಣೆಗೆ ಹಾಕಿ ಚಿಲಕ ಹಾಕಿದ್ರು. ಎರಡು ವರ್ಷ ತಟ್ಟೆ ತಳ್ಳಿದ್ದು ಇದೇ ಕೈ. ಶಿವನೇ, ಈಗ ಇವರ್ಗೂ ಬಂತಲ್ಲ!"

ಅತ್ತೆಯ ಬಾಯಲ್ಲಿ ಗುಟ್ಟು ನಿಲ್ಲುವುದುಂಟೇ? ರಾತ್ರಿ ಊಟದ ಹೊತ್ತಿಗೆ ನನ್ನ ಗಂಡನ ಕಿವಿಗೆ ಬಿತ್ತು. ಅವರು ಕೆಟ್ಟವರಲ್ಲ, ಹೆದರಿದರು. ಹೆದರಿದಾಗ ನಮ್ಮನೆಯವರಿಗೆ ದನಿ ದೊಡ್ಡದಾಗುತ್ತದೆ. "ನಾಳೇನೇ ಬೆಂಗಳೂರಿಗೆ ಕರ್ಕಂಡ್ ಹೋಗಿ ತಲೆ ಡಾಕ್ಟ್ರಿಗೆ ತೋರಿಸ್ಬೇಕು" ಅಂತ ನಡುಮನೆಯಲ್ಲಿ ನಿಂತು ಹೇಳಿದ್ದು ಜಗಲಿಗೆ ಕೇಳಿಸಿತು. ಮಾವ ಆ ರಾತ್ರಿ ತಟ್ಟೆ ಮುಟ್ಟಲಿಲ್ಲ. ಮಾರನೆಯ ಬೆಳಿಗ್ಗೆಯೂ ಇಲ್ಲ. ನಾನು ಕಾಫಿ ತಗೊಂಡು ಹೋದರೆ, "ಹೇಳ್ಬುಟ್ಟೆ ಅಲ್ವಾ" ಅಂದರು. ಹೇಳಿದವಳು ನಾನಲ್ಲ ಅಂತ ಎಷ್ಟು ಆಣೆ ಇಟ್ಟರೂ ಮುಖ ಆಚೆ ತಿರುಗಿಸಿಕೊಂಡೇ ಕೂತಿದ್ದರು.

ನಾನು ಈ ಮನೆಗೆ ಬಂದ ಮೇಲೆ ಅಷ್ಟು ಜೋರಾಗಿ ಜಗಳವಾಡಿದ್ದು ಅದೇ ಮೊದಲು. ಮೊದಲು ಕಣ್ಣು ತೋರಿಸಬೇಕು, ತಲೆಯ ಮಾತು ಆಮೇಲೆ ಅಂದೆ. "ನೀನೇನ್ ಡಾಕ್ಟ್ರೇನೇ?" ಅಂದರು ಗಂಡ. "ಡಾಕ್ಟ್ರಲ್ಲ, ನಕ್ಷೆ ಬರೆಯೋಳು. ನಿಮ್ಮಪ್ಪ ಏನ್ ಕಾಣ್ತಾರೆ ಅಂತ ಈ ಮನೇಲಿ ಕೇಳಿದೋಳು ನಾನೊಬ್ಳೇ" ಅಂತ ನೋಟ್‌ಬುಕ್ಕನ್ನು ಅವರ ಮುಂದೆ ಎಸೆದೆ. ಅವರು ನಿಂತಲ್ಲೇ ನಾಲ್ಕು ಪುಟ ಓದಿ, ಸುಮ್ಮನೆ ವಾಪಸ್ಸು ಕೊಟ್ಟು, "ಹತ್ತೂವರೆ ಬಸ್ಸಿಗೆ ಹೊರಡಿ" ಅಂದರು.

ತಿಪಟೂರಿನ ಕಣ್ಣಿನ ಡಾಕ್ಟ್ರು ಚಿಕ್ಕ ವಯಸ್ಸಿನ ಹೆಣ್ಣುಮಗಳು. ಬೆಳಕು ಬಿಟ್ಟು, ಹನಿ ಹಾಕಿ, ಏನೇನೋ ಯಂತ್ರಕ್ಕೆ ಗಲ್ಲ ಇಡಿಸಿ ನೋಡಿದರು. ಮಾವ ಕಲ್ಲಿನಂತೆ ಕೂತಿದ್ದರು. ನಾನೇ ಬಾಯಿ ತೆರೆಯಬೇಕಾಯಿತು. ಇವರಿಗೆ ಇಲ್ಲದ ಜನ ಕಾಣುತ್ತಾರೆ ಅಂದೆ.

ಡಾಕ್ಟ್ರಿಗೆ ಒಂದು ಚೂರೂ ಆಶ್ಚರ್ಯವಾಗಲಿಲ್ಲ. ಕುರ್ಚಿ ಹತ್ತಿರಕ್ಕೆ ಎಳೆದುಕೊಂಡು, "ಚಿಕ್ಕ ಚಿಕ್ಕ ಜನಾನಾ ಅಜ್ಜ? ತಲೆಗೆ ಟೋಪಿ ಹಾಕಿದಾರಾ?" ಅಂದರು.

ಮಾವ ತಟ್ಟನೆ ಅವರ ಕಡೆ ತಿರುಗಿದರು. "ನೀವೂ ನೋಡಿದೀರೇನವ್ವಾ?"

"ನಾನು ನೋಡಿಲ್ಲ. ನೋಡಿದೋರು ಬಂದು ಹೇಳ್ತಾರೆ. ಗೋಡೆ, ಜಾಲರಿ, ಜರಿ ಬಟ್ಟೆ, ಅಲ್ವಾ? ಮಾತು ಮಾತ್ರ ಇಲ್ಲ."

ಆಮೇಲೆ ಬಿಡಿಸಿ ಹೇಳಿದರು. ಕಣ್ಣಿನ ಒಳಪರದೆ ನಡುವಿನಲ್ಲಿ ಸವೆದುಹೋಗಿದೆ. ಅಲ್ಲಿಂದ ಏನೂ ಬಾರದೆ ಹೋದಾಗ ಮಿದುಳು ಸುಮ್ಮನೆ ಕೂರುವುದಿಲ್ಲ, ತಾನೇ ಚಿತ್ರ ಹಾಕಿ ತುಂಬುತ್ತದೆ. ಹೋದ ನೋಟವನ್ನು ತರಲು ಆಗುವುದಿಲ್ಲ. ಉಳಿದಿರುವುದನ್ನು ಕಾಪಾಡಿಕೊಳ್ಳೋಣ ಅಂದರು. ಆ ಜನ ಕೆಲವು ಕಾಲ ಇದ್ದು ತಾವಾಗಿಯೇ ಹೋಗಬಹುದು, ಹೋಗದೆಯೂ ಇರಬಹುದು. "ಆದ್ರೆ ಅಜ್ಜ, ಇದು ಹುಚ್ಚಲ್ಲ. ನಿಮ್ಮ ಬುದ್ಧಿ ನೆಟ್ಟಗಿದೆ. ಎಷ್ಟೋ ಜನ ಹುಚ್ಚು ಅಂದುಬಿಡ್ತಾರೆ ಅಂತ ಹೆದರಿ ಬಾಯೇ ಬಿಡಲ್ಲ, ಪಾಪ."

ಮಾವ ಕೈ ಮುಗಿದರು. ಏಳುವಾಗ ಮೆಲ್ಲಗೆ ಕೇಳಿದರು: "ಇದು ಮನೆತನದಾಗೆ ಬತ್ತದಾ?"

"ಈ ಥರ ಕಣ್ಣು ಸವೆಯೋದು ಕೆಲವು ಮನೆತನದಲ್ಲಿ ಇರ್ತದೆ. ನಿಮ್ಮ ತಂದೆ ತಾಯಿಗೆ ಯಾರಿಗಾದ್ರೂ ಕಣ್ಣು ಹೋಗಿತ್ತಾ?"

ಮಾವ ಬಾಗಿಲ ಕಡೆಗೆ ನಡೆದರು. ಡಾಕ್ಟ್ರು ಮುಂದಿನವರನ್ನು ಕರೆದರು.

ಬಸ್‌ಸ್ಟ್ಯಾಂಡಿನಲ್ಲಿ ನಮ್ಮ ಬಸ್ಸಿಗೆ ಇನ್ನೂ ಹೊತ್ತಿತ್ತು. ಕಲ್ಲುಬೆಂಚಿನ ಮೇಲೆ ಕೂತೆವು. ನನಗೋ ನೆಲದ ಮೇಲೆ ಕಾಲಿರಲಿಲ್ಲ. ಗೆದ್ದವಳು ನಾನಲ್ಲವೇ! "ನೋಡಿದ್ರಾ ಮಾವ, ಹುಚ್ಚಲ್ಲವಂತೆ. ಇನ್ನು ಯಾರಾದ್ರೂ ತಲೆ ಡಾಕ್ಟ್ರು ಅಂತ ಬಾಯಿ ಬಿಡ್ಲಿ, ನಾನೈದೀನಿ" ಅಂತ ಒಂದೇ ಸಮನೆ ವಟಗುಟ್ಟುತ್ತಿದ್ದೆ. ಎಳನೀರು ತರಲೇ, ಬಾಳೆಹಣ್ಣು ತರಲೇ ಅಂದೆ. ತಿರುಗಿ ನೋಡಿದರೆ ಅವರ ಕಣ್ಣಿಂದ ನೀರು ಇಳಿದು ಗಡ್ಡದ ಬಿಳಿಕೂದಲಲ್ಲಿ ನಿಂತಿತ್ತು. ಹನಿ ಹಾಕಿದ್ದರಿಂದ ಇರಬೇಕು ಅಂದುಕೊಂಡೆ.

"ಹಂಗಾದ್ರೆ ನಮ್ಮವ್ವಂಗೂ ಹುಚ್ಚು ಇರ್ಲಿಲ್ಲ" ಅಂದರು.

ನಾನು ಅವರ ಕಡೆಗೆ ತಿರುಗಿ ಕೂತೆ.

"ಅವಳಿಗೂ ಕಣ್ಣು ಹೋಗಿತ್ತು. ಚಿಲಕ ಹಾಕಿದೋನು ನಾನೇ ಕಣವ್ವ. ಅಪ್ಪ ಇರ್ಲಿಲ್ಲ, ಮನೆ ಯಜಮಾನ ನಾನೇ."

"ಆವಾಗ ಯಾರಿಗೆ ಗೊತ್ತಿತ್ತು ಮಾವ?" ಅಂದೆ.

ಅವರು ನನ್ನ ಮಾತು ಕೇಳಿಸಿಕೊಂಡಂತೆ ಕಾಣಲಿಲ್ಲ. ಎದುರಿಗೆ ಬಸ್ಸುಗಳು ಬರುತ್ತಿದ್ದವು, ಹೋಗುತ್ತಿದ್ದವು. ಅವರು ಯಾವುದನ್ನೂ ನೋಡದೆ ಹೇಳಿದರು:

"ಸಾಯಂಕಾಲ ಆದ್ರೆ ಒಳಗಿಂದ ಬಾಗಿಲು ಬಡಿಯೋಳು. ಲೋ ಮಗಾ, ಎಷ್ಟು ಚೆಂದಾಗವ್ರೆ ಬಾರ್ಲಾ, ನೀನೂ ಒಂದ್ಸಲ ನೋಡು ಬಾರ್ಲಾ ಅಂತ ಕರೆಯೋಳು. ನಾನು ರೇಡಿಯೊ ಜೋರು ಮಾಡ್ತಿದ್ದೆ."